ಗಾಡಿ ಯಾರ ಹೆಸರಿನಲ್ಲಿದೆ?

(ಮಹಿಳೆಯರ ಕಲಿಕಾ ಕೇಂದ್ರದ ಸಭೆಯಲ್ಲಿ ಆಡಿದ ಮಾತು)

ತಾಯಂದಿರೇ, ಅಕ್ಕತಂಗಿಯರೇ,

ಹಗಲೆಲ್ಲ ಹೊಲದಲ್ಲಿ ದುಡಿದು, ಮನೆಗೆಲಸ ಮುಗಿಸಿ, ಮಕ್ಕಳಿಗೆ ಉಣ್ಣಲು ಇಟ್ಟು ಇಲ್ಲಿಗೆ ಬಂದಿದ್ದೀರಿ. ಈಗ ನಿಮಗೆ ಅಕ್ಷರ ಬರುತ್ತದೆ. ಬಸ್ಸಿನ ಬೋರ್ಡು ಓದುತ್ತೀರಿ. ರೇಷನ್ ಕಾರ್ಡು ಓದುತ್ತೀರಿ. ಇವತ್ತು ನಾವು ಇನ್ನೂ ಕೆಲವು ಕಾಗದ ಓದುವುದನ್ನು ಕಲಿಯೋಣ. ಅವು ಗಾಡಿಯ ಕಾಗದ ಮತ್ತು ಕೇಸಿನ ಕಾಗದ.

ಯಾಕೆ ಈ ಮಾತು? ನಮ್ಮ ನಾಡಿನಲ್ಲಿ ತುಂಗಭದ್ರೆ ಇದೆ, ಕೃಷ್ಣೆ ಇದೆ, ಭೀಮೆ ಇದೆ, ನೇತ್ರಾವತಿ ಇದೆ. ಹೊಳೆಯ ದಂಡೆಯ ಊರುಗಳಲ್ಲಿ ರಾತ್ರಿ ಹೊತ್ತು ಟ್ರ್ಯಾಕ್ಟರ್ ಸದ್ದು ಕೇಳುತ್ತದೆ. ಅದು ಉಳುವ ಸದ್ದಲ್ಲ. ಪರ್ಮಿಟ್ ಇಲ್ಲದೆ ಮರಳು ತುಂಬುವ ಸದ್ದು. ಬೆಳಗಾದರೆ ಒಂದು ಸುದ್ದಿ ಬರುತ್ತದೆ: "ಗಾಡಿ ಹಿಡಿದ್ರಂತೆ."

ಗಾಡಿ ಹಿಡಿದರೆ ಓಡಾಡುವವರು ಗಂಡಸರು. ಆದರೆ ಕೊರಳಿನ ಸರ ಬಿಚ್ಚಿ ಕೊಡುವವರು ಯಾರು? ಸಂಘದಲ್ಲಿ ಸಾಲ ಎತ್ತುವವರು ಯಾರು? ನಾವೇ ಅಲ್ಲವೇ? ಹಾಗಾದರೆ ಆ ಕೇಸು ಏನು ಅಂತ ತಿಳಿಯುವ ಹಕ್ಕೂ ನಮಗಿದೆ.

ಒಂದು ಮನೆಯ ಲೆಕ್ಕ

ಒಂದು ಮನೆ ಇದೆ ಅಂತ ಇಟ್ಟುಕೊಳ್ಳೋಣ. ಅಲ್ಲಿ ಗಂಡ, ಹೆಂಡತಿ, ಎರಡು ಮಕ್ಕಳು. ಹೊಲಕ್ಕೆ ಬೇಕು ಅಂತ ಸಾಲ ಮಾಡಿ ಟ್ರ್ಯಾಕ್ಟರ್ ತಂದರು. ಹೆಂಡತಿಯ ಹೆಸರಿಗೆ ಗಾಡಿ ಬರೆಸಿದರು. ಅವಳು ಕಾಗದಕ್ಕೆ ಹೆಬ್ಬೆಟ್ಟು ಒತ್ತಿದಳು. ಏನು ಬರೆದಿದೆ ಅಂತ ಯಾರೂ ಓದಿ ಹೇಳಲಿಲ್ಲ.

ಮಳೆ ಕೈಕೊಟ್ಟಿತು. ಕಂತು ನಿಂತಿತು. ಆಗ ಒಬ್ಬರು ಬಂದು ಹೇಳಿದರು: "ಯಾಕೆ ಚಿಂತೆ? ರಾತ್ರಿ ನಾಲ್ಕು ಲೋಡು ಹೊಡೆದ್ರೆ ಕಂತಿನ ದುಡ್ಡು ಬರುತ್ತೆ. ಏನಾದ್ರೂ ಆದ್ರೆ ನಾನಿದ್ದೀನಿ."

ಮೂರನೇ ರಾತ್ರಿ ಗಾಡಿ ಸಿಕ್ಕಿಬಿತ್ತು. "ನಾನಿದ್ದೀನಿ" ಅಂದವರು ಕಾಣಲಿಲ್ಲ. ಟ್ರ್ಯಾಕ್ಟರ್ ಠಾಣೆಯ ಮುಂದೆ ಬಿಸಿಲಿಗೆ, ಮಳೆಗೆ ನಿಂತಿತು. ಟೈರು ಬಿರುಕು ಬಿಟ್ಟವು. ಬ್ಯಾಟರಿ ಸತ್ತಿತು. ಟ್ರ್ಯಾಕ್ಟರ್ ನಿಂತರೂ ಕಂತು ನಿಲ್ಲಲಿಲ್ಲ. ಬಡ್ಡಿ ಬೆಳೆಯಿತು. ಉಳುವುದಕ್ಕೆ ಬಾಡಿಗೆ ಗಾಡಿ ತರಬೇಕಾಯಿತು.

ಲೆಕ್ಕ ಹಾಕಿ ನೋಡಿ. ಬಂದದ್ದು ಎರಡು ರಾತ್ರಿಯ ಕೂಲಿ. ಹೋದದ್ದು ವರ್ಷದ ದುಡಿಮೆ. ಕೇಸಿನ ನೋಟೀಸು ಬಂದದ್ದು ಯಾರ ಹೆಸರಿಗೆ? ಆ ಹೆಂಗಸಿನ ಹೆಸರಿಗೆ. ಗಾಡಿ ಅವಳ ಹೆಸರಿನಲ್ಲಿತ್ತಲ್ಲ!

ಮರಳು ಯಾರದು?

"ಹೊಳೆ ನಮ್ಮೂರಿನದು. ಮರಳು ದೇವರು ಕೊಟ್ಟದ್ದು. ತಗೊಂಡ್ರೆ ಕಳ್ಳತನ ಹೇಗೆ?" ಅಂತ ನೀವು ಕೇಳಬಹುದು. ಇದು ಸರಿಯಾದ ಪ್ರಶ್ನೆಯೇ.

ಹೊಳೆಯ ಮರಳು ಸರ್ಕಾರದ ಸ್ವತ್ತು. ಸರ್ಕಾರದ್ದು ಅಂದ್ರೆ ಎಲ್ಲರದ್ದು. ಊರಿನ ಗೋಮಾಳವನ್ನು ಒಬ್ಬನೇ ಉತ್ತುಕೊಂಡರೆ ನಾವು ಸುಮ್ಮನಿರುತ್ತೇವೆಯೇ? ಮರಳೂ ಹಾಗೆಯೇ.

ಮರಳಿಗೆ ಒಂದು ಕೆಲಸ ಇದೆ. ಅದು ನೀರು ಹಿಡಿದಿಡುತ್ತದೆ. ಮಳೆಗಾಲದ ನೀರು ಮರಳಿನೊಳಗೆ ಇಳಿಯುತ್ತದೆ. ಬೇಸಿಗೆಯಲ್ಲಿ ಹೊಳೆ ಬತ್ತಿದರೂ ಒರತೆ ತೋಡಿದರೆ ನೀರು ಸಿಗುವುದು ಇದರಿಂದಲೇ. ಅತಿಯಾಗಿ ಮರಳು ತೆಗೆದರೆ ಹೊಳೆಯ ತಳ ಕೆಳಗಿಳಿಯುತ್ತದೆ. ಅದರ ಜೊತೆಗೆ ದಂಡೆಯ ಬಾವಿಗಳ ನೀರೂ ಕೆಳಗಿಳಿಯುತ್ತದೆ. ದಂಡೆ ಕುಸಿದು ಹೊಲ ಕೊಚ್ಚಿ ಹೋಗುತ್ತದೆ. ಸೇತುವೆಯ ಕಂಬದ ಬುಡ ಸಡಿಲವಾಗುತ್ತದೆ. ಮರಳು ತೆಗೆದ ಗುಂಡಿಯಲ್ಲಿ ನೀರು ನಿಂತರೆ ಆಳ ತಿಳಿಯುವುದಿಲ್ಲ. ಈಜಲು ಹೋದ ಮಕ್ಕಳು, ಬಟ್ಟೆ ಒಗೆಯಲು ಹೋದ ಹೆಂಗಸರು ಅಂಥ ಗುಂಡಿಗೆ ಬಲಿಯಾಗಿದ್ದಾರೆ. ಬಾವಿ ಬತ್ತಿದರೆ ದೂರದಿಂದ ಕೊಡ ಹೊತ್ತು ತರುವವರೂ ನಾವೇ.

ಅದಕ್ಕೇ ಕಾನೂನು ಬಂದಿದೆ. 1957ರಲ್ಲಿ ಇಡೀ ದೇಶಕ್ಕೆ ಗಣಿ ಮತ್ತು ಖನಿಜ ಕಾಯಿದೆ ಆಯಿತು. 1994ರಲ್ಲಿ ನಮ್ಮ ರಾಜ್ಯ ಮರಳು, ಕಲ್ಲು ಮುಂತಾದ ಉಪಖನಿಜಗಳಿಗೆ ತನ್ನದೇ ನಿಯಮ ಮಾಡಿತು. ಪರವಾನಗಿ ಇಲ್ಲದೆ ಮರಳು ತೆಗೆಯುವ ಹಾಗಿಲ್ಲ. ಪರ್ಮಿಟ್ ಇಲ್ಲದೆ ಸಾಗಿಸುವ ಹಾಗಿಲ್ಲ. ಚಿಕ್ಕ ಜಾಗದ ಮರಳು ಗುತ್ತಿಗೆಗೂ ಪರಿಸರದ ಒಪ್ಪಿಗೆ ಬೇಕು ಎಂದು 2012ರಲ್ಲಿ ಸುಪ್ರೀಂ ಕೋರ್ಟು ಹೇಳಿತು.

ಒಂದು ಗಾಡಿಗೆ ಎರಡು ಕೇಸು

ಈಗ ಮುಖ್ಯವಾದ ಮಾತಿಗೆ ಬರೋಣ. ಎಷ್ಟೋ ಮನೆಗಳು ಎಡವಿ ಬೀಳುವುದು ಇಲ್ಲೇ.

ಪರ್ಮಿಟ್ ಇಲ್ಲದ ಮರಳು ಗಾಡಿ ಸಿಕ್ಕರೆ ಎರಡು ಬಗೆಯ ಕೇಸು ಆಗಬಹುದು.

ಒಂದು, ಗಣಿ ಕಾಯಿದೆಯ ಕೇಸು. ಇದರಲ್ಲಿ ಐದು ವರ್ಷದವರೆಗೆ ಜೈಲು ಆಗಬಹುದು. ದಂಡವೂ ಬೀಳಬಹುದು. 2015ರಲ್ಲಿ ಈ ಶಿಕ್ಷೆಯನ್ನು ಹೆಚ್ಚು ಮಾಡಿದರು.

ಎರಡು, ಕಳ್ಳತನದ ಕೇಸು. ಇದು ಪೊಲೀಸರು ಹಾಕುವ ಕೇಸು. ಒಪ್ಪಿಗೆ ಇಲ್ಲದೆ ಹೊಳೆಯ ಮರಳು ಒಯ್ದರೆ ಕಳ್ಳತನದ ಕೇಸನ್ನೂ ಹಾಕಬಹುದು ಎಂದು 2014ರಲ್ಲಿ ಸುಪ್ರೀಂ ಕೋರ್ಟು ತೀರ್ಪು ಕೊಟ್ಟಿತು.

ಕೆಲವು ಸಲ ಇಲಾಖೆಗೆ ದಂಡ ಕಟ್ಟಿ ಗಣಿ ಕಾಯಿದೆಯ ಕೇಸನ್ನು ರಾಜಿ ಮಾಡಿಕೊಳ್ಳಲು ಅವಕಾಶ ಇರುತ್ತದೆ. ಗಂಡಸರು ಚೀಟಿ ತಂದು ತೋರಿಸುತ್ತಾರೆ. "ದಂಡ ಕಟ್ಟಿದೆ, ಎಲ್ಲ ಮುಗೀತು" ಅಂತಾರೆ. ಎಲ್ಲ ಮುಗಿದಿರುವುದಿಲ್ಲ. ಇಲಾಖೆಗೆ ದಂಡ ಕಟ್ಟಿದರೂ ಕಳ್ಳತನದ ಕೇಸು ಹಾಗೇ ನಡೆಯಬಹುದು ಎಂದು 2020ರಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಆದ್ದರಿಂದ ದಂಡದ ರಸೀದಿ ನೋಡಿದ ಕೂಡಲೇ ಇನ್ನೊಂದು ಪ್ರಶ್ನೆ ಕೇಳಿ: "ಪೊಲೀಸ್ ಕೇಸು ಏನಾಯ್ತು?"

ಜಪ್ತಿ ಬೇರೆ, ಮುಟ್ಟುಗೋಲು ಬೇರೆ

ಈ ಎರಡು ಪದ ಬರೆದುಕೊಳ್ಳಿ. ಗಟ್ಟಿಯಾಗಿ ಓದಿ.

ಜಪ್ತಿ. ಅಂದ್ರೆ ಗಾಡಿಯನ್ನು ಹಿಡಿದು ತಮ್ಮ ವಶಕ್ಕೆ ತೆಗೆದುಕೊಳ್ಳುವುದು. ಗಾಡಿ ಇನ್ನೂ ಮಾಲೀಕರದ್ದೇ. ಕೋರ್ಟಿನ ಆದೇಶ ಪಡೆದು ಬಿಡಿಸಿಕೊಳ್ಳಬಹುದು.

ಮುಟ್ಟುಗೋಲು. ಅಂದ್ರೆ ಗಾಡಿ ಸರ್ಕಾರದ ಪಾಲಾಗುವುದು. ಆಮೇಲೆ ಅದು ನಮ್ಮದಲ್ಲ. ಗಣಿ ಕಾಯಿದೆಯಲ್ಲಿ ಇದಕ್ಕೆ ಕೋರ್ಟಿನ ಆದೇಶ ಬೇಕು. ಠಾಣೆಯವರು ತಾವೇ ಹೀಗೆ ಮಾಡುವ ಹಾಗಿಲ್ಲ.

"ನಿಮ್ಮ ಗಾಡಿ ಹೋಯ್ತು ಬಿಡಿ, ಇನ್ನು ಬರಲ್ಲ" ಅಂತ ಯಾರಾದರೂ ಹೆದರಿಸಿದರೆ ಕಾಗದ ಕೇಳಿ. ಅದರಲ್ಲಿ ಜಪ್ತಿ ಅಂತ ಇದೆಯೋ, ಮುಟ್ಟುಗೋಲು ಅಂತ ಇದೆಯೋ, ನೀವೇ ಓದಿ.

ಒಂದು ಎಚ್ಚರಿಕೆ. ಕಾಡಿನೊಳಗಿನ ಹಳ್ಳದಿಂದ ಮರಳು ತಂದಿದ್ದರೆ ದಾರಿ ಬೇರೆ. ಅಲ್ಲಿ 1963ರ ಕರ್ನಾಟಕ ಅರಣ್ಯ ಕಾಯಿದೆ ಬರುತ್ತದೆ. ಆ ಕಾಯಿದೆಯಲ್ಲಿ ಅರಣ್ಯ ಇಲಾಖೆಯ ಅಧಿಕಾರಿಗೇ ಮುಟ್ಟುಗೋಲು ಮಾಡುವ ಅಧಿಕಾರ ಇದೆ. ಅಂಥ ಗಾಡಿ ಬಿಡಿಸುವುದು ಬಹಳ ಕಷ್ಟ. ಅದಕ್ಕೇ ಮೊದಲು ಕೇಳಬೇಕಾದ ಮಾತು: "ಹಿಡಿದವರು ಯಾರು? ಯಾವ ಕಾಯಿದೆ ಬರೆದಿದ್ದಾರೆ?"

ಗಾಡಿ ಬಿಡಿಸುವ ದಾರಿ

ಗಾಡಿ ಜಪ್ತಿಯಾದರೆ ಮೊದಲು ಕಾಗದ ಕೂಡಿಸಬೇಕು.

ಗಾಡಿಯ ಆರ್.ಸಿ. ಬೇಕು. ವಿಮೆಯ ಕಾಗದ ಬೇಕು. ಸಾಲದ ಕಾಗದ ಬೇಕು. ಮಾಲೀಕರ ಗುರುತಿನ ಚೀಟಿ ಬೇಕು. ಎಫ್.ಐ.ಆರ್. ಪ್ರತಿ ಬೇಕು. ಅಂದ್ರೆ ಪೊಲೀಸರು ಮೊದಲು ಬರೆದುಕೊಂಡ ದೂರು. ಆರೋಪಿಯ ಕಡೆಯವರು ಅರ್ಜಿ ಕೊಟ್ಟು ಇದರ ಪ್ರತಿ ಪಡೆಯಬಹುದು ಎಂದು 2016ರಲ್ಲಿ ಸುಪ್ರೀಂ ಕೋರ್ಟು ಹೇಳಿದೆ.

ಜಪ್ತಿ ಮಾಡುವಾಗ ಪಂಚನಾಮೆ ಬರೆಯುತ್ತಾರೆ. ಎಲ್ಲಿ ಹಿಡಿದರು, ಯಾವಾಗ ಹಿಡಿದರು, ಗಾಡಿ ಹೇಗಿತ್ತು ಅಂತ ಅದರಲ್ಲಿ ಇರುತ್ತದೆ. ಟೈರು, ಬ್ಯಾಟರಿ, ಟ್ರೈಲರ್ ಎಲ್ಲ ಬರೆದಿದ್ದಾರೆಯೇ ನೋಡಿ. ಖಾಲಿ ಹಾಳೆಗೆ ಸಹಿ ಹಾಕಬೇಡಿ. ಓದದೆ ಸಹಿ ಹಾಕಬೇಡಿ. "ಸ್ವಲ್ಪ ತಾಳಿ, ಓದಿ ಹಾಕ್ತೀನಿ" ಅಂತ ಹೇಳಿ. ಹಾಗೆ ಹೇಳುವುದರಲ್ಲಿ ತಪ್ಪೇನೂ ಇಲ್ಲ.

ಆಮೇಲೆ ಕೋರ್ಟಿಗೆ ಅರ್ಜಿ ಹಾಕಬೇಕು. ಕೇಸು ಮುಗಿಯುವವರೆಗೆ ಗಾಡಿಯನ್ನು ನಮ್ಮ ವಶಕ್ಕೆ ಕೊಡಿ ಎಂದು ಕೇಳುವ ಅರ್ಜಿ ಅದು. ಯಾವ ಕೋರ್ಟಿಗೆ ಹಾಕಬೇಕು ಎಂಬುದು ಯಾವ ಕಾಯಿದೆಯ ಕೇಸು ಎಂಬುದರ ಮೇಲೆ ನಿಂತಿದೆ. ತಪ್ಪು ಕೋರ್ಟಿಗೆ ಹೋದರೆ ತಿಂಗಳುಗಟ್ಟಲೆ ಹಾಳಾಗುತ್ತದೆ. ಇದನ್ನು ವಕೀಲರ ಹತ್ತಿರ ಬಿಡಿಸಿ ಕೇಳಿ.

2002ರಲ್ಲಿ ಸುಪ್ರೀಂ ಕೋರ್ಟು ಗುಜರಾತಿನ ಒಂದು ಕೇಸಿನಲ್ಲಿ ಒಳ್ಳೆಯ ಮಾತು ಹೇಳಿತು. ಜಪ್ತಿಯಾದ ಗಾಡಿಗಳನ್ನು ಠಾಣೆಯಲ್ಲಿ ಬಹುಕಾಲ ನಿಲ್ಲಿಸಿಕೊಂಡರೆ ಯಾರಿಗೂ ಪ್ರಯೋಜನ ಇಲ್ಲ. ಫೋಟೋ ತೆಗೆದು, ವಿವರ ಬರೆದು, ಮುಚ್ಚಳಿಕೆ ಮತ್ತು ಜಾಮೀನು ಪಡೆದು ಬೇಗ ಆದೇಶ ಮಾಡಬೇಕು ಎಂದಿತು. 2024ರ ಜುಲೈ 1ರಿಂದ ಹೊಸ ಕಾನೂನು ಜಾರಿಗೆ ಬಂದಿದೆ. ಅದರ ಹೆಸರು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ. ವಸ್ತು ಕೋರ್ಟಿನ ಮುಂದೆ ಬಂದ 14 ದಿನದೊಳಗೆ ಅದರ ವಿವರ ಬರೆಸಬೇಕು ಎಂದು ಅದರಲ್ಲಿದೆ. ಫೋಟೋ ಅಥವಾ ವಿಡಿಯೋ ತೆಗೆಸಬೇಕು. ಆಮೇಲೆ 30 ದಿನದೊಳಗೆ ಆ ವಸ್ತುವನ್ನು ಏನು ಮಾಡಬೇಕೆಂದು ಆದೇಶ ಮಾಡಬೇಕು. ತಡವಾದರೆ ಈ ಮಾತನ್ನು ವಕೀಲರಿಗೆ ನೆನಪಿಸಿ.

ಆದರೂ ಕೇಳಿದ ಕೂಡಲೇ ಗಾಡಿ ಕೊಡಬೇಕೆಂದೇನೂ ಇಲ್ಲ. ಇದೇ ಗಾಡಿ ಮೊದಲೂ ಸಿಕ್ಕಿಬಿದ್ದಿತ್ತೇ ಎಂದು ಕೋರ್ಟು ನೋಡಬಹುದು. ಕೊಟ್ಟರೂ ಷರತ್ತು ಹಾಕುತ್ತದೆ. ಗಾಡಿ ಮಾರಬಾರದು. ಬಣ್ಣ, ರೂಪ ಬದಲಿಸಬಾರದು. ಕರೆದಾಗ ತಂದು ನಿಲ್ಲಿಸಬೇಕು. ಮತ್ತೆ ಮರಳಿಗೆ ಇಳಿಸಬಾರದು. ಷರತ್ತು ಮುರಿದರೆ ಮುಚ್ಚಳಿಕೆಯ ಹಣ ಹೋಗುತ್ತದೆ. ಜಾಮೀನು ನಿಂತವರಿಗೂ ತೊಂದರೆ ಬರುತ್ತದೆ.

ನೆನಪಿಡಿ. ಗಾಡಿ ಮನೆಗೆ ಬಂದರೆ ಕೇಸು ಮುಗಿಯಿತು ಅಂತಲ್ಲ. ಕೊನೆಯ ತೀರ್ಪು ಬರುವವರೆಗೂ ಮುಟ್ಟುಗೋಲಿನ ಭಯ ಇದ್ದೇ ಇರುತ್ತದೆ.

ಹೆಸರು ನಮ್ಮದಾದರೆ ಹೊಣೆಯೂ ನಮ್ಮದು

ಕಾನೂನು ಮೊದಲು ನೋಡುವುದು ಆರ್.ಸಿ.ಯಲ್ಲಿರುವ ಹೆಸರನ್ನು. ಓಡಿಸಿದವರು ಯಾರೇ ಇರಲಿ, ಮಾಲೀಕರನ್ನು ಕರೆದು ಕೇಳುತ್ತಾರೆ. "ನನಗೆ ಗೊತ್ತಿರಲಿಲ್ಲ, ಬಾಡಿಗೆಗೆ ಕೊಟ್ಟಿದ್ದೆ" ಅಂದರೆ ಬಾಡಿಗೆಯ ಕರಾರು ಎಲ್ಲಿ ಅಂತಾರೆ. ಬಾಯಿಮಾತು ಅಲ್ಲಿ ನಿಲ್ಲುವುದು ಕಷ್ಟ.

ಗಾಡಿ ಮಾರಿದ್ದೀರಾ? ಹಾಗಾದರೆ ಆರ್.ಟಿ.ಓ. ಕಚೇರಿಯಲ್ಲಿ ಹೆಸರು ಬದಲಾಗಿದೆಯೇ ನೋಡಿ. ಬದಲಾಗದಿದ್ದರೆ ಕೊಂಡವರು ಮರಳು ಹೊಡೆದರೂ ನೋಟೀಸು ನಿಮ್ಮ ಬಾಗಿಲಿಗೇ ಬರುತ್ತದೆ.

ಟ್ರ್ಯಾಕ್ಟರಿನ ವಿಮೆ ಬೇಸಾಯಕ್ಕೆ ಅಂತ ಇದ್ದರೆ ಇನ್ನೊಂದು ತೊಡಕು. ಬಾಡಿಗೆಗೆ ಮರಳು ಹೊರುವಾಗ ಅಪಘಾತವಾದರೆ ವಿಮೆ ಕಂಪನಿ ತಕರಾರು ತೆಗೆಯಬಹುದು. ಆಗ ಪರಿಹಾರದ ಹಣ ಮಾಲೀಕರ ತಲೆಯ ಮೇಲೆ ಬೀಳಬಹುದು.

ನೀವು ಮರಳು ಕೊಳ್ಳುವವರಾದರೂ ಎಚ್ಚರ ಬೇಕು. ಮನೆ ಕಟ್ಟಿಸುವಾಗ ಅಗ್ಗಕ್ಕೆ ಸಿಗುತ್ತದೆ ಅಂತ ರಾತ್ರಿಯ ಮರಳು ಹಾಕಿಸಿಕೊಳ್ಳಬೇಡಿ. ಪರ್ಮಿಟ್ ತೋರಿಸು ಅಂತ ಕೇಳಿ. ಅದರಲ್ಲಿ ಗಾಡಿಯ ನಂಬರು, ತಾರೀಖು, ಎಲ್ಲಿಂದ ಎಲ್ಲಿಗೆ ಎಂಬುದು ಸರಿಯಾಗಿದೆಯೇ ಓದಿ. ನಿಮ್ಮದೇ ಮನೆಗೆ ಊರ ಹಳ್ಳದ ಮರಳು ಬೇಕಿದ್ದರೆ ಮೊದಲು ಗ್ರಾಮ ಪಂಚಾಯಿತಿಯಲ್ಲಿ ಕೇಳಿ, ಕಾಗದ ಮಾಡಿಸಿಕೊಳ್ಳಿ. ಈಗ ಕಲ್ಲು ಪುಡಿ ಮಾಡಿ ತಯಾರಿಸುವ ಎಂ-ಸ್ಯಾಂಡ್ ಕೂಡ ಸಿಗುತ್ತದೆ.

ವಕೀಲರಿಗೆ ಕೊಡಲು ದುಡ್ಡಿಲ್ಲ, ಏನು ಮಾಡೋಣ?

ಈ ಮಾತು ಎಲ್ಲರಿಗೂ ಗೊತ್ತಾಗಬೇಕು. 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯಿದೆ ಎಂಬುದು ಇದೆ. ಅದರ ಪ್ರಕಾರ ಹೆಂಗಸರಿಗೆ ಉಚಿತ ಕಾನೂನು ನೆರವು ಸಿಗುತ್ತದೆ. ಎಷ್ಟು ಆದಾಯ ಅಂತ ನೋಡುವುದಿಲ್ಲ. ಜಾತಿ ನೋಡುವುದಿಲ್ಲ. ಹೆಂಗಸಾಗಿದ್ದರೆ ಸಾಕು.

ತಾಲ್ಲೂಕಿನ ಕೋರ್ಟಿಗೆ ಹೋಗಿ. ಅಲ್ಲಿ ತಾಲ್ಲೂಕು ಕಾನೂನು ಸೇವೆಗಳ ಸಮಿತಿ ಇರುತ್ತದೆ. ಜಿಲ್ಲೆಯಲ್ಲಿ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರ ಇದೆ. ಅರ್ಜಿ ಬರೆದು ಕೊಟ್ಟರೆ ವಕೀಲರನ್ನು ನೇಮಿಸಿ ಕೊಡುತ್ತಾರೆ. ಫೋನಿನಲ್ಲಿ ಕೇಳಬೇಕೆಂದರೆ 15100 ನಂಬರಿಗೆ ಮಾಡಿ. ಗಾಡಿ ನಿಮ್ಮ ಹೆಸರಿನಲ್ಲಿದ್ದರೆ ಅರ್ಜಿ ಹಾಕುವವರು ನೀವೇ ತಾನೇ? ಹಾಗಾದರೆ ಈ ನೆರವು ಕೇಳಿ. ದಲ್ಲಾಳಿಯ ಕೈಗೆ ದುಡ್ಡು ಕೊಡಬೇಡಿ. "ಒಳಗಿಂದ ಮಾಡಿಸಿಕೊಡ್ತೀನಿ" ಅನ್ನುವವರನ್ನು ನಂಬಬೇಡಿ. ಎಲ್ಲಿ ಹಣ ಕಟ್ಟಿದರೂ ರಸೀದಿ ಕೇಳಿ.

ದೊಡ್ಡವರ ಲಾರಿಯನ್ನು ಯಾಕೆ ಬಿಡುತ್ತಾರೆ?

ಎಲ್ಲಿ ಹೋದರೂ ಈ ಪ್ರಶ್ನೆ ಬರುತ್ತದೆ. "ನಮ್ಮ ಒಂದು ಟ್ರ್ಯಾಕ್ಟರ್ ಹಿಡೀತಾರೆ. ಸಾಲುಗಟ್ಟಿ ಹೋಗೋ ಲಾರಿ ಬಿಡ್ತಾರೆ. ಇದು ನ್ಯಾಯವಾ?" ಅಂತ ಕೇಳುತ್ತಾರೆ.

ಹಾಗೆ ನಡೆದರೆ ಅದು ನ್ಯಾಯವಲ್ಲ. ಕಾನೂನು ಎಲ್ಲ ಗಾಡಿಗೂ ಒಂದೇ. ಆದರೆ ಅವರು ಕದ್ದರು ಅಂತ ನಾವೂ ಕದ್ದರೆ ಹೊಳೆ ಉಳಿಯುವುದಿಲ್ಲ. ಕೇಳುವ ಬಾಯಿಯೂ ನಮಗೆ ಉಳಿಯುವುದಿಲ್ಲ. ನಮ್ಮ ಕೈ ಚೊಕ್ಕವಾಗಿದ್ದರೆ ನಾವು ಗ್ರಾಮಸಭೆಯಲ್ಲಿ ಎದ್ದು ನಿಂತು ಕೇಳಬಹುದು. "ನಮ್ಮ ಹೊಳೆಯಲ್ಲಿ ಮರಳು ತೆಗೆಯಲು ಯಾರಿಗೆ ಗುತ್ತಿಗೆ ಕೊಟ್ಟಿದ್ದಾರೆ? ಎಷ್ಟು ಜಾಗ? ಎಷ್ಟು ಆಳ?" ಅಂತ ಕೇಳಬಹುದು. ತಹಸೀಲ್ದಾರರಿಗೆ, ಗಣಿ ಮತ್ತು ಭೂವಿಜ್ಞಾನ ಇಲಾಖೆಗೆ ಅರ್ಜಿ ಬರೆಯಬಹುದು. 2005ರ ಮಾಹಿತಿ ಹಕ್ಕು ಕಾಯಿದೆಯಲ್ಲಿ ಕಾಗದ ಕೇಳಬಹುದು. ಒಬ್ಬರೇ ಹೋಗಬೇಡಿ. ಸಂಘದವರೆಲ್ಲ ಸೇರಿ ಹೋಗಿ. ಇಪ್ಪತ್ತು ಹೆಂಗಸರ ಸಹಿ ಇದ್ದರೆ ಅರ್ಜಿಗೆ ತೂಕ ಬರುತ್ತದೆ. ಈಗ ಆ ಇಪ್ಪತ್ತು ಹೆಬ್ಬೆಟ್ಟಲ್ಲ, ಇಪ್ಪತ್ತು ಸಹಿ!

ಮನೆಗೆ ಹೋಗಿ ಮಾಡುವ ಕೆಲಸ

"ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರೀತು" ಅಂತ ಗಾದೆ ಇದೆ. ಗಾಡಿ ಜಪ್ತಿಯಾದ ಮೇಲೆ ಕಾನೂನು ಕಲಿಯುವುದಕ್ಕಿಂತ ಗಾಡಿ ಹೊಳೆಗೆ ಇಳಿಯುವ ಮೊದಲೇ ಒಂದು ಮಾತು ಆಡುವುದು ಮೇಲು. ಜಗಳ ಬೇಡ. ಮನೆಯವರನ್ನು ಕೂರಿಸಿಕೊಂಡು ಲೆಕ್ಕ ಹೇಳಿ. ಒಂದು ಲೋಡಿಗೆ ಬರುವ ದುಡ್ಡು ಎಷ್ಟು? ಗಾಡಿ ಆರು ತಿಂಗಳು ನಿಂತರೆ ಹೋಗುವ ದುಡ್ಡು ಎಷ್ಟು? ಎರಡನ್ನೂ ಒಂದು ಹಾಳೆಯಲ್ಲಿ ಪಕ್ಕಪಕ್ಕ ಬರೆದು ತೋರಿಸಿ. ಕಂತು ಕಟ್ಟುವುದು ಕಷ್ಟವಾದರೆ ಸಾಲ ಕೊಟ್ಟ ಬ್ಯಾಂಕಿಗೆ ಇಬ್ಬರೂ ಹೋಗಿ ಮಾತಾಡಿ. ಕಾಲಾವಕಾಶ ಕೇಳಿ.

ಇವತ್ತು ರಾತ್ರಿ ಪೆಟ್ಟಿಗೆ ತೆಗೆಯಿರಿ. ಗಾಡಿಯ ಆರ್.ಸಿ. ಹೊರಗೆ ತೆಗೆಯಿರಿ. ಮಾಲೀಕರ ಹೆಸರು ಎಲ್ಲಿದೆ ಅಂತ ಹುಡುಕಿ. ಇಂಗ್ಲಿಷಿನಲ್ಲಿದ್ದರೆ ಶಾಲೆಗೆ ಹೋಗುವ ಮಗಳಿಂದ ಓದಿಸಿ. ಸಾಲದ ಕಾಗದದಲ್ಲಿ ಜಾಮೀನು ಯಾರದು ನೋಡಿ. ವಿಮೆ ಯಾವ ತಾರೀಖಿನವರೆಗೆ ಇದೆ ನೋಡಿ.

ಈ ಐದು ಪದಗಳನ್ನು ಪಾಟಿಯ ಮೇಲೆ ಮೂರು ಸಲ ಬರೆಯಿರಿ: ಪರ್ಮಿಟ್, ಪಂಚನಾಮೆ, ಜಪ್ತಿ, ಮುಚ್ಚಳಿಕೆ, ಮುಟ್ಟುಗೋಲು.

ಮುಂದಿನ ವಾರ ಬರುವಾಗ ನಿಮ್ಮ ಮನೆಯ ಗಾಡಿ ಯಾರ ಹೆಸರಿನಲ್ಲಿದೆ ಅಂತ ಒಂದು ಚೀಟಿಯಲ್ಲಿ ಬರೆದು ತನ್ನಿ. ಗಾಡಿ ಇಲ್ಲದವರು ಪಕ್ಕದ ಮನೆಯವರಿಗೆ ಓದಿ ಹೇಳಿ. ಎಲ್ಲರೂ ಸೇರಿ ಓದೋಣ.